ಬೇವಿನ ಗಿಡದ ಕೆಳಗಿನ ಹೆಬ್ಬೆಟ್ಟು ಬಿಸ್ಕತ್ತು

ಬಳ್ಳಾರಿ ದಂಡಿನ ದೊರೆಗಳ ಬಂಗಲೆಗಳಲ್ಲಿ ಅರ್ಧ ಆಯುಷ್ಯ ಅಡುಗೆ ಮಾಡಿ, ತಲೆ ಬೆಳ್ಳಗಾದ ಮೇಲೆ ನೇಮಕಲ್ಲಿನ ಹತ್ತಿರದ ತನ್ನ ಹಳ್ಳಿಗೆ ಮರಳಿದ ಸೂರಪ್ಪನಿಗೆ ಉಳಿದಿದ್ದ ಆಸೆ ಒಂದೇ. ತಾನು ಮಾಡಿದ್ದನ್ನು ಹೆಂಡತಿ ಮೈಲಾರಮ್ಮ ಒಂದು ಸಲವಾದರೂ ಬಾಯಿಗೆ ಇಟ್ಟುಕೊಳ್ಳಬೇಕು.

ಇದೇನು ಮಹಾ ಆಸೆ ಎನ್ನಬೇಡಿ. ಸೂರಪ್ಪನ ಕೈ ಅಂತಿಂಥ ಕೈಯಲ್ಲ. ಅವನು ಕೋಳಿ ಹುರಿದರೆ ಬಳ್ಳಾರಿ ಗುಡ್ಡದ ಬಂಡೆಗೂ ಬಾಯಲ್ಲಿ ನೀರೂರುತ್ತಿತ್ತು. ಆ ಬಂಡೆ ಬೇರೆ ಯಾವ ಕಾರಣಕ್ಕೂ ಒದ್ದೆಯಾದದ್ದನ್ನು ಕಂಡವರಿಲ್ಲ. ಅವನ ಸಾರಿನ ರುಚಿ ಹತ್ತಿದ ಕರ್ನಲ್ ದೊರೆಯೊಬ್ಬ ಇಂಗ್ಲೆಂಡಿಗೆ ಹೊರಟಾಗ ಹಡಗಿನ ಕಂಬ ಹಿಡಿದುಕೊಂಡು ಅತ್ತನಂತೆ. ಸಮುದ್ರಕ್ಕೆ ಉಪ್ಪು ಒಂದು ಚಿಟಿಕೆ ಹೆಚ್ಚಾದದ್ದು ಆವತ್ತಿನಿಂದಲೇ. ಇಂಥವನ ಕೈಯಡುಗೆ ಒಲ್ಲೆನೆಂದ ಜೀವ ಭೂಮಿಯ ಮೇಲೆ ಒಂದೇ ಇತ್ತು. ಅದು ಅವನ ಮನೆಯಲ್ಲೇ ಇತ್ತು.

ಇದಕ್ಕೆಲ್ಲ ಕಾರಣ ಸೂರಪ್ಪನ ತಾಯಿ ಉಜ್ಜಿನಮ್ಮ. ಅವಳು ಕೆಮ್ಮಿದರೆ ರಾಯದುರ್ಗದ ಬೆಟ್ಟದ ಕೋತಿಗಳು ಸಾಲು ಹಿಡಿದು ಕೂರುತ್ತಿದ್ದವು. ಜರ್ಮನಿಯ ದೊಡ್ಡ ಲಡಾಯಿ ಇನ್ನೂ ಶುರುವಾಗದ ಕಾಲ; ಹೊಸದಾಗಿ ಮದುವೆಯಾದ ಸೂರಪ್ಪ ಮೊದಲ ರಜೆಗೆ ಬರುವಾಗ ದೊರೆಸಾನಿ ಕಲಿಸಿದ ಬಿಸ್ಕತ್ತುಗಳನ್ನು ತಾನೇ ಸುಟ್ಟು, ತಗಡಿನ ಡಬ್ಬಿಯಲ್ಲಿ ತುಂಬಿ ಹೆಂಡತಿಗೆಂದು ತಂದಿದ್ದ. ಉಜ್ಜಿನಮ್ಮ ಮುಚ್ಚಳ ತೆಗೆದು ಮೂಸಿದಳು. "ದೊರಿಗೋಳಿಗೆ ಏನೇನ್ ಬೇಯಿಸಿದ ಕೈಯೋ, ಯಾವ ಪಾತ್ರಿಯೋ" ಎಂದವಳೇ ಡಬ್ಬಿಯನ್ನು ತಿಪ್ಪೆಯಲ್ಲಿ ಹೂತುಬಿಟ್ಟಳು. ಅಷ್ಟಕ್ಕೇ ಬಿಡದೆ ಸೊಸೆಯನ್ನು ಎಳೆದೊಯ್ದು ಒಲೆ ಮುಟ್ಟಿಸಿ ಆಣೆ ಹಾಕಿಸಿದಳು: "ಈ ಒಲ್ಯಾಗ ಕೆಂಡ ಇರೋತನಕ ಅವನ ಕೈದು ತಿನ್ನಾಕಿಲ್ಲ ಅನ್ನು." ಹೊಸ ಸೊಸೆ ಅಂದಳು. ಆ ತಿಪ್ಪೆಯ ಗೊಬ್ಬರ ಬಿದ್ದ ಹೊಲದಲ್ಲಿ ಆ ವರ್ಷ ನವಣೆ ಎಷ್ಟು ಸಿಹಿಯಾಯಿತೆಂದರೆ ಜನ ಬೆಲ್ಲ ಕೊಳ್ಳುವುದನ್ನೇ ಬಿಟ್ಟರು.

ಆ ಮನೆಯ ಒಲೆಯಲ್ಲಿ ಕೆಂಡ ಆರುವುದೆಂದರೇನು? ರಾತ್ರಿ ಮಲಗುವ ಮುಂಚೆ ಬೂದಿ ಮುಚ್ಚಿಟ್ಟರೆ ಬೆಳಗ್ಗೆ ಊದಿದರೆ ಸಾಕು. ಬೆಂಕಿಕಡ್ಡಿ ದುಬಾರಿಯಾದ ಆ ಕಾಲದಲ್ಲಿ ಓಣಿಯವರೆಲ್ಲ ಬೆಂಕಿ ಕೇಳಲು ಬರುತ್ತಿದ್ದದ್ದೂ ಅಲ್ಲಿಗೇ. ಉಜ್ಜಿನಮ್ಮ ಸತ್ತಳು. ಕೆಂಡ ಸಾಯಲಿಲ್ಲ.

ಸೂರಪ್ಪ ಊರಿಗೆ ಬಂದು ನೆಲೆಸಿದಾಗ ಮಗ ಬೊಮ್ಮ ಮತ್ತು ಸೊಸೆ ಕುರಿ ಹಿಂಡು ಹೊಡೆದುಕೊಂಡು ಮೇವಿನ ಸೀಮೆಗೆ ಹೋಗಿದ್ದರು. ಮನೆಯಲ್ಲಿ ಗಂಡ, ಹೆಂಡತಿ, ಹಿಂಡಿನ ಜೊತೆ ನಡೆಯಲಾರದ ಕರಿ ಎಂಬ ಕುಂಟ ಕುರಿ. ಗಂಡ ವರ್ಷಕ್ಕೊಮ್ಮೆ ಬಂದು ಹೋಗುವ ನೆಂಟನಂತಿದ್ದುದರಿಂದ ಅವನೊಡನೆ ಮಾತಾಡುವ ರೂಢಿಯೇ ಮೈಲಾರಮ್ಮನಿಗೆ ಹತ್ತಿರಲಿಲ್ಲ. ಹೇಳುವುದನ್ನೆಲ್ಲ ಅವಳು ಕುರಿಗೆ ಹೇಳುತ್ತಿದ್ದಳು.

"ಕೇಳೇ ಕರಿ, ರೊಟ್ಟಿ ಆರ್ತಾವ. ಯಾರರ ಉಣ್ಣೋರಿದ್ರ ಬರ್ಲಿ."

ಸೂರಪ್ಪನೂ ಕುರಿಗೇ ಉತ್ತರ ಕೊಡುವುದನ್ನು ಕಲಿತ. "ಬಂದೆ ಅಂತ ಹೇಳ್ ಕರಿ." ಎರಡೂ ಕಡೆಯ ಮಾತು ಹೊತ್ತು ಹೊತ್ತು ಆ ಕುರಿಗೆ ರಾಯದುರ್ಗದ ಕೋರ್ಟಿನ ವಕೀಲನ ಗಾಂಭೀರ್ಯ ಬಂದುಬಿಟ್ಟಿತ್ತು.

ಅಡುಗೆಮನೆಗೆ ಅವನಿಗೆ ಪ್ರವೇಶವಿರಲಿಲ್ಲ. ಆದ್ದರಿಂದ ಅಂಗಳದ ಬೇವಿನ ಗಿಡದ ಕೆಳಗೆ ಮೂರು ಕಲ್ಲು ಹೂಡಿದ. ಮಾಡಬೇಕಾದದ್ದು ಯಾವುದೆಂದು ಯೋಚಿಸುವ ಅಗತ್ಯವೇ ಇರಲಿಲ್ಲ. ತಿಪ್ಪೆಗೆ ಹೋದ ಅದೇ ಬಿಸ್ಕತ್ತು. ದೊರೆಸಾನಿ ಅದಕ್ಕೆ ತತ್ತಿಯ ಹಳದಿ ಹಾಕುತ್ತಿದ್ದಳು. ಹೆಂಡತಿ ಶನಿವಾರ ನೇಮಕಲ್ಲಿನ ಆಂಜನೇಯನಿಗೆ ಒಪ್ಪತ್ತು ಇರುವವಳೆಂದು ಸೂರಪ್ಪ ಅದನ್ನು ಬಿಟ್ಟ. ದಂಡಿನ ಅಂಗಡಿಯ ಜಾಮು ಇಲ್ಲಿ ಎಲ್ಲಿಂದ ಬರಬೇಕು? ಗುಡ್ಡದ ಕವಳೆ ಹಣ್ಣು ಆರಿಸಿ ತಂದು, ಬೀಜ ತೆಗೆದು, ಬೆಲ್ಲದ ಜೊತೆ ಕುದಿಸಿದ. ಅದು ಕುಂಕುಮದಂತೆ ಕೆಂಪಾಗಿ, ಸೌಟಿನಿಂದ ಎಳೆಯಾಗಿ ಇಳಿಯುವಷ್ಟು ಗಟ್ಟಿಯಾಯಿತು.

ಬೆಣ್ಣೆಗೆ ಸಕ್ಕರೆ ಹಾಕಿ ಅಂಗೈಯಿಂದ ಬೆಳ್ಳಗಾಗುವವರೆಗೆ ತಿಕ್ಕಿದ. ಬಟ್ಟೆಯಲ್ಲಿ ಸೋಸಿದ ಗೋಧಿ ಹಿಟ್ಟು ಕಲಸಿ, ನೆಲ್ಲಿಕಾಯಿ ಗಾತ್ರದ ಉಂಡೆ ಕಟ್ಟಿ, ಒಂದೊಂದರ ನೆತ್ತಿಗೂ ಹೆಬ್ಬೆಟ್ಟು ಒತ್ತಿ ಗುಳಿ ಮಾಡಿದ. ಗುಳಿಗೆ ಕವಳೆ ಜಾಮು. ತಪ್ಪಲೆಯ ತಳಕ್ಕೆ ಮರಳು ಹರಡಿ, ಅದರ ಮೇಲೆ ತಟ್ಟೆ ಇಟ್ಟು, ಮುಚ್ಚಳದ ಮೇಲೂ ಕೆಂಡ ಸುರಿದರೆ ಅದೇ ಬಂಗಲೆಯ ಬಿಸ್ಕತ್ತು ಸುಡುವ ಗೂಡು.

ಮೈಲಾರಮ್ಮ ಹೊಸ್ತಿಲಲ್ಲಿ ನಿಂತು ನೋಡಿದಳು. "ನೋಡೇ ಕರಿ, ಹುಡುಗೂರು ಮಣ್ಣಾಗ ಆಡಿದಂಗ ಆಡಾಕತ್ಯಾರ. ಬೆಣ್ಣಿ ಮಾತ್ರ ನಮ್ದು."

"ವಾಸನಿ ಬರ್ಲಿ, ಆಮ್ಯಾಲ ಮಾತಾಡು ಅಂತ ಹೇಳ್ ಕರಿ."

ಬಂದದ್ದು ಹೊಗೆ. ಬಂಗಲೆಯಲ್ಲಿ ಇದ್ದಿಲಿನ ಲೆಕ್ಕ ಗೊತ್ತಿದ್ದವನು, ಕುರುಬರ ಮನೆಯಲ್ಲಿ ರಾಶಿ ಬಿದ್ದಿದೆಯಲ್ಲ ಎಂದು ಕುರಿ ಹಿಕ್ಕೆ ತುಂಬಿದ್ದ. ಹಿಕ್ಕೆಯ ಕಾವು ಮೇಲೆ ಕಾಣುವುದಿಲ್ಲ, ಒಳಗೇ ಕುಳಿತು ಕೊಲ್ಲುತ್ತದೆ. ಮುಚ್ಚಳ ತೆಗೆದರೆ ಓಬಳಾಪುರದ ಗುಡ್ಡದ ಕಬ್ಬಿಣದ ಕಲ್ಲಿಗೂ ಬಿಸ್ಕತ್ತಿಗೂ ವ್ಯತ್ಯಾಸವೇ ತಿಳಿಯಲಿಲ್ಲ. ಪಕ್ಕದ ಮನೆಯ ತಿಪ್ಪಕ್ಕ ಒಂದನ್ನು ಒಯ್ದು ಬಾಗಿಲಿಗೆ ಒತ್ತು ಕೊಟ್ಟಳು. ಆಮೇಲೆ ಎಂಥ ಬಿರುಗಾಳಿ ಬಂದರೂ ಆ ಬಾಗಿಲು ಮಿಸುಕಲಿಲ್ಲ, ತಿಪ್ಪಕ್ಕನ ಗಂಡ ಒಳಗೆ ಬರಲು ಹಿತ್ತಲಿನಿಂದ ಸುತ್ತಬೇಕಾಯಿತು.

ಎರಡನೆಯ ಸಲ ಜಾಲಿ ಇದ್ದಿಲು ಹಾಕಿದ. ಬಿಸ್ಕತ್ತು ಬಂಗಾರದ ಬಣ್ಣಕ್ಕೆ ಬಂದು, ಬೆಣ್ಣೆಯ ಘಮ ಓಣಿ ದಾಟಿ ಹೊಲ ದಾಟಿ ಹೋಯಿತು. ತಟ್ಟೆಯನ್ನು ಹೊಸ್ತಿಲ ಮೇಲಿಟ್ಟ. ಮೈಲಾರಮ್ಮ ತಟ್ಟೆ ನೋಡಿದಳು, ಒಲೆಯ ಕಡೆ ನೋಡಿದಳು.

"ಆಣಿ ಐತಿ ಅಂತ ಗೊತ್ತೈತಿ. ಗೊತ್ತಿದ್ದೂ ಯಾಕ ಮುಂದ ಹಿಡೀತಾರಂತ ಕೇಳು ಕರಿ" ಎಂದು ಒಳಗೆ ಹೋದಳು.

ಸೂರಪ್ಪ ಸುಲಭಕ್ಕೆ ಸೋಲುವವನಲ್ಲ. ಮುಂದಿನ ಶನಿವಾರ ಮಿಂದು, ಮಡಿ ಪಂಚೆ ಉಟ್ಟು, ಹೊಸ ಬುಟ್ಟಿಯಲ್ಲಿ ಬಿಸ್ಕತ್ತು ಇಟ್ಟುಕೊಂಡು ನೇಮಕಲ್ಲಿಗೆ ನಡೆದ. ಪ್ರಸಾದವನ್ನು ಯಾರು ಬೇಡ ಎನ್ನುತ್ತಾರೆ?

ಪೂಜಾರಿ ಮೂಡಲಗಿರಿಯಪ್ಪ ಒಂದನ್ನು ಎತ್ತಿ ಬೆಳಕಿಗೆ ಹಿಡಿದ. "ಇದೇನ್ರಿ ಸೂರಪ್ಪ, ವಡಿ ಏನ್ರಿ?"

"ವಡಿ ಇದ್ದಂಗ ಅನ್ಕೊಳ್ರಿ. ತತ್ತಿ ಗಿತ್ತಿ ಏನಿಲ್ರಿ."

"ಸ್ವಾಮಿಗೆ ಸರ ಮಾಡಿ ಹಾಕ್ಬೇಕ್ರಿ. ನೀವು ತೂತು ಅರ್ಧಕ್ಕ ಬಿಟ್ಟೀರಿ. ದಾರ ಹೆಂಗ ಪೋಣಿಸ್ಲಿ?"

"ಅರ್ಧಕ್ಕ ಬಿಡೋದ ಅದರ ಪದ್ಧತಿ ರೀ. ಪಾಕ ನಿಲ್ಬೇಕಲ್ಲ."

"ದೊರಿಗೋಳು ಯಾವ ಕೆಲ್ಸ ಪೂರಾ ಮಾಡ್ಯಾರ ಬಿಡ್ರಿ" ಎಂದು ಪೂಜಾರಿ ಬುಟ್ಟಿಯನ್ನು ಒಳಗೆ ಒಯ್ದ. ನೈವೇದ್ಯವಾಯಿತು. ಪೂಜಾರಿಯ ಪಾಲು ಮಾತ್ರ ಕೊಂಚ ದೊಡ್ಡದಾಯಿತು. ಬುಟ್ಟಿ ಹಿಂದಿರುಗಿದಾಗ ತಳ ಕಾಣುತ್ತಿತ್ತು.

ಮನೆಯಲ್ಲಿ ಮೈಲಾರಮ್ಮ ಪ್ರಸಾದ ಎಂದ ಕೂಡಲೇ ಸೆರಗು ಹೊದ್ದು ಎರಡೂ ಕೈ ಚಾಚಿದಳು. ಕಣ್ಣಿಗೆ ಒತ್ತಿಕೊಂಡು ಬಾಯಿಗೆ ಹಾಕಿಕೊಂಡಳು. ಅಗಿದಳು. ಸೂರಪ್ಪ ಅವಳ ದವಡೆಯನ್ನೇ ನೋಡುತ್ತ ನಿಂತ.

"ಹೆಂಗೈತಿ?" ಎಂದು ಕುರಿಯನ್ನೂ ಮರೆತು ನೇರವಾಗಿ ಕೇಳಿಬಿಟ್ಟ.

ಮೈಲಾರಮ್ಮ ಕೈ ತೊಳೆದು ಕುರಿಯತ್ತ ತಿರುಗಿದಳು. "ಹೇಳೇ ಕರಿ, ಸ್ವಾಮಿ ಪ್ರಸಾದ ಹೆಂಗೈತಿ ಅಂತ ಯಾರರ ಕೇಳ್ತಾರೇನು? ನಾ ತಿಂದಿದ್ದು ಸ್ವಾಮಿ ಕೈದು."

ಅಲ್ಲಿಗೆ ಮುಗಿಯಿತು. ಸೂರಪ್ಪ ತಪ್ಪಲೆ ತೊಳೆದು ಬೋರಲು ಹಾಕಿದ. ಅವನಿಗೆ ಕೋಪವೇನೂ ಬರಲಿಲ್ಲ. ಕಟ್ಟೆಯ ಮೇಲೆ ಕೂತು ಕಂಬಳಿಯ ಉಣ್ಣೆ ಹಿಂಜುತ್ತ ದಿನ ಕಳೆದ. ಬೇವಿನ ಗಿಡದ ಕೆಳಗಿನ ಮೂರು ಕಲ್ಲಿನ ನಡುವೆ ಕೋಳಿಗಳು ಮಣ್ಣು ಕೆದರಿದವು. ಅಂಗಳ ಎಷ್ಟು ಸುಮ್ಮನಾಯಿತೆಂದರೆ ಕರಿ ಮೆಲುಕು ಹಾಕುವ ಸದ್ದಿಗೆ ತಿಪ್ಪಕ್ಕನ ಮನೆಯ ಮಗು ಬೆಚ್ಚಿ ಏಳುತ್ತಿತ್ತು.

ಒಂದು ಬೆಳಗ್ಗೆ ಕಸ ಗುಡಿಸುವಾಗ ಮೈಲಾರಮ್ಮನಿಗೆ ಬೋರಲು ಹಾಕಿದ್ದ ತಪ್ಪಲೆಯ ಕೆಳಗೆ ಒಂದು ಬಿಸ್ಕತ್ತು ಸಿಕ್ಕಿತು. ಜಾಮು ಸಾಲದೆ ಖಾಲಿ ಉಳಿದದ್ದು. ಗುಳಿಯಲ್ಲಿ ಹೆಬ್ಬೆಟ್ಟಿನ ಗೆರೆಗಳು ಹಾಗೇ ಮೂಡಿದ್ದವು. ಅವುಗಳನ್ನು ಅಡ್ಡ ಕತ್ತರಿಸಿದಂತೆ ಒಂದು ಓರೆ ಗೀರು. ಅವಳು ಅದನ್ನು ತಿರುಗಿಸಿ ತಿರುಗಿಸಿ ನೋಡಿದಳು. ಕಟ್ಟೆಯ ಹತ್ತಿರ ಬಂದು ಗಂಡನ ಕೈ ನೋಡಿದಳು. ಅಷ್ಟು ವರ್ಷದ ಸಂಸಾರದಲ್ಲಿ ಆ ಕೈಯನ್ನು ಹಗಲು ಬೆಳಕಿನಲ್ಲಿ ಅಷ್ಟು ಹತ್ತಿರದಿಂದ ನೋಡಿದ್ದು ಅದೇ ಮೊದಲು.

"ಈ ಗೀರು ಯಾವಾಗಿಂದು ಅಂತ ಕೇಳೇ ಕರಿ."

"ಬೊಮ್ಮ ಹುಟ್ಟಿದ ಸುದ್ದಿ ಬಂತಲ್ಲ, ಆವತ್ತಿಂದು" ಎಂದ ಸೂರಪ್ಪ. "ಡಬ್ಬಿ ತಗಿಯಾಕತ್ತಿದ್ದೆ. ಗಂಡು ಮಗ ಅಂದ್ರು. ಕೈ ಜಾರಿ ತಗಡು ಹೊಕ್ತು. ದೊರೆಸಾನಿ ಪಟ್ಟಿ ಕಟ್ಟಿದ್ಲು. ರಜಾ ಮಾತ್ರ ಕೊಡ್ಲಿಲ್ಲ."

ಮೈಲಾರಮ್ಮ ಪೊರಕೆ ಕೆಳಗಿಟ್ಟಳು. "ಒಂದಿನರ ಹೇಳಿಲ್ಲ ನೋಡೇ ಕರಿ."

"ಯಾರಿಗೆ ಹೇಳ್ಲಿ? ಆವಾಗ ಕರಿ ಇನ್ನ ಹುಟ್ಟಿರ್ಲಿಲ್ಲ."

ಅವಳು ಬಿಸ್ಕತ್ತನ್ನು ಸೆರಗಿಗೆ ಕಟ್ಟಿಕೊಂಡಳು. ಒಳಗೆ ಹೋದಳು. ಮಧ್ಯಾಹ್ನ ಒಂದು ಬಟ್ಟಲು ಬೆಣ್ಣೆ ಬೇವಿನ ಗಿಡದ ಕೆಳಗೆ ಬಂದು ಕೂತಿತ್ತು, ಪಕ್ಕದಲ್ಲಿ ಸೋಸಿದ ಹಿಟ್ಟು. ಸೂರಪ್ಪ ಕಾರಣ ಕೇಳದೆ ಕಲ್ಲು ಸರಿಪಡಿಸಿ ಇದ್ದಿಲು ಹೊತ್ತಿಸಿದ.

ಬಿಸ್ಕತ್ತು ತಪ್ಪಲೆಯಲ್ಲಿ ಬೇಯುತ್ತಿರುವಾಗ ತಿಪ್ಪಕ್ಕ ಬೆರಣಿಯ ತುಂಡು ಹಿಡಿದು ಬೆಂಕಿ ಕೇಳಲು ಬಂದಳು. ಅಡುಗೆಮನೆಗೆ ಇಣುಕಿದವಳು ಕಿರುಚಿದಳು. "ಅಯ್ಯಯ್ಯೋ ಅಕ್ಕಾ, ನಿಮ್ ಒಲಿ ಆರೇತಲ್ಲ! ಬೂದಿ ತಣ್ಣಗೈತಿ!"

"ನಾನ ಆರಿಸೀನಿ" ಎಂದಳು ಮೈಲಾರಮ್ಮ. ಬೂದಿ ತೋಡಿ, ಸೆಗಣಿ ಹಾಕಿ ಸಾರಿಸಿ, ಒಲೆಯನ್ನು ಹಸಿಯಾಗಿ ಬಿಟ್ಟಿದ್ದಳು.

"ನಿಮ್ಮತ್ತಿ ಕಾಲದ ಕೆಂಡ ಅಲ್ಲೇನಕ್ಕ ಅದು! ಓಣಿಯೋರೆಲ್ಲ ಈಗ ಎಲ್ಲಿಗೆ ಹೋಗ್ಬೇಕು?"

"ಬೇವಿನ ಗಿಡದ ಕೆಳಗ ಐತಿ ನೋಡು ಬೆಂಕಿ. ಅವರ್ನ ಕೇಳಿ ಇಸ್ಕೊ."

ತಿಪ್ಪಕ್ಕ ಸೂರಪ್ಪನಿಂದ ಕೆಂಡ ಇಸಿದುಕೊಂಡು, ಸುದ್ದಿ ಹಂಚಲು ಓಡಿದಳು. ಅವಳ ವೇಗಕ್ಕೆ ಬೆರಣಿ ದಾರಿಯಲ್ಲೇ ಉರಿದು ಬೂದಿಯಾಯಿತೆಂದು ಹೇಳುತ್ತಾರೆ.

ಸೂರಪ್ಪನಿಗೆ ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಅರ್ಥವಾದ ಮೇಲೆ ಅವನು ಮುಚ್ಚಳದ ಕೆಂಡ ಕೆಡವಿ, ಬಿಸ್ಕತ್ತುಗಳನ್ನು ಒಂದೊಂದಾಗಿ ತಟ್ಟೆಗೆ ಜೋಡಿಸಿದ. ಕರ್ನಲ್ ದೊರೆಗೂ ಅವನು ಅಷ್ಟು ಜತನದಿಂದ ಬಡಿಸಿರಲಿಲ್ಲ.

ಮೈಲಾರಮ್ಮ ಗಿಡದ ನೆರಳಿಗೆ ಬಂದು ಕೂತಳು. ಬಿಸಿ ಬಿಸ್ಕತ್ತೊಂದನ್ನು ಸೆರಗಿನಲ್ಲಿ ಹಿಡಿದು, ಊದಿ, ಅರ್ಧ ಕಚ್ಚಿದಳು. ಜಾಮು ತುಟಿಗೆ ಹತ್ತಿತು. ನಿಧಾನಕ್ಕೆ ಅಗಿದು ನುಂಗಿದಳು. ಉಳಿದರ್ಧವನ್ನೂ ಬಾಯಿಗೆ ಹಾಕಿಕೊಂಡಳು.

ಆಮೇಲೆ ಒಂದು ಚಿಪ್ಪಿನಲ್ಲಿ ಅವನ ಒಲೆಯ ಕೆಂಡ ತುಂಬಿಕೊಂಡು, ಒಳಗಿನ ಒಲೆ ಹೊತ್ತಿಸಲು ಎದ್ದಳು. ಹೊಸ್ತಿಲ ಹತ್ತಿರ ನಿಂತು ತಿರುಗಿದಳು.

ಕರಿ ಕಿವಿ ನಿಮಿರಿಸಿ ಕತ್ತೆತ್ತಿತು.

"ಸಕ್ರಿ ಒಂದೀಟು ಜಾಸ್ತಿ ಆಗೇತ್ರಿ" ಎಂದಳು ಮೈಲಾರಮ್ಮ, ಗಂಡನ ಮುಖ ನೋಡಿ. "ನಾಳಿಗೆ ಕಡಿಮಿ ಹಾಕ್ರಿ."

"ಆತು" ಎಂದ ಸೂರಪ್ಪ.

ಕರಿ ಇನ್ನೂ ಸ್ವಲ್ಪ ಹೊತ್ತು ಕಾದು, ತನಗೆ ಯಾರೂ ಏನೂ ಹೇಳದಿದ್ದುದರಿಂದ, ತಲೆ ತಗ್ಗಿಸಿ ಮೆಲುಕು ಹಾಕತೊಡಗಿತು.