ತೂಬು ಬಿಟ್ಟುಕೊಟ್ಟ ಮಂಚಯ್ಯ

ನಮ್ಮ ಕಿರಂಗೂರು ಬಯಲಿನ ಗದ್ದೆಗಳಿಗೆ ನೀರು ಬಿಡುವ ನೀರುಗಂಟಿ ಮಂಚಯ್ಯನನ್ನು ಅವನ ನಾಲೆಯ ತೂಬಿನಿಂದ ಕದಲಿಸುವ ಗಂಡು ಮಂಡ್ಯ ಜಿಲ್ಲೆಯಲ್ಲೇ ಹುಟ್ಟಿಲ್ಲ ಎಂದು ನಾವು ಹೋದಲ್ಲೆಲ್ಲ ಜಂಬ ಕೊಚ್ಚುತ್ತಿದ್ದೆವು. ಅವನು ತೂಬಿನ ಮೇಲೆ ನಿಂತು ಕೆಮ್ಮಿದರೆ ಕನ್ನಂಬಾಡಿ ಕಟ್ಟೆಯ ನೀರು ಗೇಣುದ್ದ ಹಿಂದೆ ಸರಿಯುತ್ತಿತ್ತು. ಪಾಂಡವಪುರದ ಸಂತೆಯಿಂದ ಬರುವ ಎಮ್ಮೆಗಳೂ ಅವನನ್ನು ಕೇಳದೆ ನಾಲೆಗೆ ಬಾಯಿ ಹಾಕುತ್ತಿರಲಿಲ್ಲ.

ಕೊನೆಗೆ ಅವನನ್ನು ಕದಲಿಸಲು ಯಾವ ಗಂಡೂ ಹುಟ್ಟಬೇಕಾಗಲಿಲ್ಲ. ಟೈಪು ಹೊಡೆದ ಅರ್ಧ ಹಾಳೆ ಸಾಕಾಯಿತು.

ತೊಂಬತ್ತಾರರ ಬೇಸಿಗೆ. ನೀರು ಕಡಿಮೆ, ಸರದಿ ಪ್ರಕಾರ ಬಿಡುತ್ತಿದ್ದರು. ಕೊನೆಯ ಗದ್ದೆಗಳ ಸರದಿಯ ದಿನ ಇಂಜಿನಿಯರ್ ಸಾಹೇಬರ ಜೀಪು ತೂಬಿನ ಹತ್ತಿರ ನಿಂತಿತು. ಸಾಹೇಬರು ಕೈ ತೋರಿಸಿದರು. ನೀರು ಅವರ ಸ್ನೇಹಿತನಾದ ಕಂಟ್ರಾಕ್ಟರನ ಕಬ್ಬಿಗೆ ಹೋಯಿತು. ಕೊನೆಯ ಗದ್ದೆಯವರ ಭತ್ತ ಒಣಗಿತು. ಅವರು ಅರ್ಜಿ ಹಾಕಿದರು, ವಿಚಾರಣೆಗೆ ಆದೇಶವೂ ಆಯಿತು. ಸಾಹೇಬರ ಮೇಲಲ್ಲ, ನೀರು ಮಾರಿಕೊಂಡನೆಂದು ಮಂಚಯ್ಯನ ಮೇಲೆ.

ಮಂಚಯ್ಯನನ್ನು ಬಿಟ್ಟರೆ ಜೀಪನ್ನು ಕಣ್ಣಾರೆ ಕಂಡಿದ್ದವಳು ದ್ಯಾವಮ್ಮ ಒಬ್ಬಳೇ. ಒಣಗಿದ ಗದ್ದೆಗಳಲ್ಲಿ ಅವಳದೂ ಒಂದು.

"ನೀ ಸುಮ್ಕಿರಣ್ಣ, ಯಾವ್ ಸಾಯೇಬನ್ ಮುಂದಾದ್ರೂ ಏಳ್ತೀನಿ. ನಂಗೇನ್ ಬಯ?" ಎಂದು ಮಂಚಯ್ಯನಿಗೆ ಹೇಳಿದ್ದಳು.

ಅವಳು ಸಾಕ್ಷಿ ಹೇಳುವ ಮುಂಚೆಯೇ, ಆಷಾಢದಲ್ಲಿ, ಮಂಚಯ್ಯನಿಗೆ ವರ್ಗಾವಣೆ ಬಂತು. ನಾಗಮಂಗಲದ ಕಡೆಯ ಒಂದು ಕೆರೆಗೆ. ಆ ಕೆರೆಯ ಕಪ್ಪೆಗಳು ಈಜು ಮರೆತು ಮೂರು ತಲೆಮಾರಾಗಿತ್ತು. ಕಾರಣ: ಇಲ್ಲೇ ಇದ್ದರೆ ಈತ ಸಾಕ್ಷಿಗಳನ್ನು ಹೆದರಿಸಬಹುದು! ಮನೆಯಲ್ಲಿ ಸಾರಿಗೆ ಉಪ್ಪು ಕಮ್ಮಿ ಎನ್ನಲೂ ಧೈರ್ಯವಿಲ್ಲದ ಆಸಾಮಿ.

ವರ್ಗಾವಣೆ ತಡೆಯಲು ಅವನು ಬೆಂಗಳೂರಿನ ನ್ಯಾಯಮಂಡಳಿಗೆ ಹೋದ. ವಕೀಲರು ಒಂದೇ ಮಾತು ಹೇಳಿದರು: "ತಡೆಯಾಜ್ಞೆ ಸಿಗೋವರೆಗೂ ಚಾರ್ಜು ಕೊಡಬೇಡ. ತೂಬಿನ ಕೀಲಿ ನಿನ್ನ ಹತ್ತಿರಾನೇ ಇರಲಿ."

ಬಸ್ಸಿಳಿದು ಬಂದರೆ ತೂಬಿನ ಬಳಿ ಇಬ್ಬರು ನಿಂತಿದ್ದರು. ಒಬ್ಬ, ಅವನ ಜಾಗಕ್ಕೆ ಬಂದ ಕುಳ್ಳಯ್ಯ. ಇನ್ನೊಬ್ಬಳು ದ್ಯಾವಮ್ಮ. ಅಂದು ಅವಳ ಸರದಿ. ನಾಟಿಗೆಂದು ಬಿತ್ತಿದ್ದ ಪೈರಿನ ಒಟ್ಲು ನೀರಿಲ್ಲದೆ ಅರಿಸಿನದ ಬಣ್ಣಕ್ಕೆ ತಿರುಗಿತ್ತು. ಮಂಚಯ್ಯ ತಾನೇ ತೂಬು ಎತ್ತಿದರೆ, ವರ್ಗವಾದ ಮೇಲೂ ಕೈ ಹಾಕಿದ ಎಂದು ಎರಡನೇ ಆರೋಪ. ಕೀಲಿ ಇಟ್ಟುಕೊಂಡು ಕೂತರೆ ಒಟ್ಲು ಸಾಯುತ್ತದೆ.

"ಕೊಟ್ಬುಡ್ಲಾ ಮಂಚಣ್ಣ. ನಾನೇನ್ ನಿನ್ ತೂಬ ಮನೆಗೊತ್ಕೊಂಡೋಯ್ತೀನಾ?" ಎಂದ ಕುಳ್ಳಯ್ಯ.

ಒಬ್ಬರ ಸರದಿಯನ್ನು ಬಾಕಿ ಇಟ್ಟು ಮನೆಗೆ ಹೋಗುವುದು ನೀರುಗಂಟಿಗಳಲ್ಲಿ ಇಲ್ಲ. ಅವನಪ್ಪನೂ ಹೋಗಿರಲಿಲ್ಲ, ಅಜ್ಜನೂ ಹೋಗಿರಲಿಲ್ಲ. ಮಂಚಯ್ಯ ಕೀಲಿ ಕೊಟ್ಟ, ಚಾರ್ಜು ಕೊಟ್ಟೆ ಎಂದು ಸಹಿಯನ್ನೂ ಹಾಕಿದ. ನೀರು ಹರಿಯಿತು.

ನ್ಯಾಯಮಂಡಳಿಯಲ್ಲಿ ಸರ್ಕಾರಿ ವಕೀಲರು ಆ ಸಹಿಯನ್ನೇ ಎತ್ತಿ ಹಿಡಿದರು. ಚಾರ್ಜು ಕೊಟ್ಟು ಬಿಟ್ಟವನ ವರ್ಗಾವಣೆಯನ್ನು ಇನ್ನು ತಡೆಯುವುದೇನು ಎಂದರು. ವಿಚಾರಣೆ ಮುಗಿಯುವವರೆಗೆ ಬೇರೆ ಕಡೆ ಇಡುವುದು ಶಿಕ್ಷೆಯಲ್ಲ ಎಂದು ಅರ್ಜಿ ವಜಾ ಆಯಿತು.

ವಿಚಾರಣೆಯ ದಿನ ದ್ಯಾವಮ್ಮ ನೆಲ ನೋಡುತ್ತಾ, "ನಾನ್ ಯಾವ್ ಜೀಪ್ನೂ ಕಾಣ್ಲಿಲ್ಲ ಬುದ್ಧಿ" ಎಂದಳು. ಹೊರಗೆ ಬಂದು ಸೆರಗಿನಲ್ಲಿ ಮುಖ ಒರೆಸಿಕೊಂಡು, "ತೂಬು ಈಗ ಸಾಯೇಬ್ರ ಕಡೆಯೋನ್ ಕೈಲದೆ ಕಣಣ್ಣ. ನಾನ್ ಬಾಯ್ಬುಟ್ರೆ ಗದ್ದೆಗ್ ನೀರ್ ಬುಟ್ಟಾನಾ?" ಎಂದಳು.

"ಬುಡವ್ವ, ಪೈರ್ ಎಂಗದೆ?" ಎಂದ ಮಂಚಯ್ಯ.

ಆರೋಪ ಸಾಬೀತಾಯಿತು. ಬಡ್ತಿ ಹೋಯಿತು, ಕಿರಂಗೂರು ಅವನ ಪಾಲಿಗೆ ಮುಗಿಯಿತು. ಕಳ್ಳ ಎಂಬ ಹೆಸರೊಂದು ಉಳಿಯಿತು; ಅದನ್ನು ನಮ್ಮೂರಿನಲ್ಲಿ ಮೊದಲು ಆಡಿದವರು ಜಂಬ ಕೊಚ್ಚುತ್ತಿದ್ದ ನಾವೇ.

ಎರಡು ವರ್ಷದ ಮೇಲೆ ಅದೇ ಸಾಹೇಬರು, ದೊಡ್ಡ ಹುದ್ದೆಗೇರಿ, ಆ ಒಣ ಕೆರೆಯ ತಪಾಸಣೆಗೆ ಬಂದರು. ಏರಿಯ ಮೇಲೆ ನಿಂತಿದ್ದ ಮಂಚಯ್ಯನನ್ನು ಗುರುತು ಹಿಡಿದರು.

"ಏನಯ್ಯಾ ಮಂಚಯ್ಯ, ಆರಾಮಾಗಿದ್ದೀಯಲ್ಲ! ಸುಮ್ನೆ ಬೆಂಗಳೂರಿಗೆ ಅಲೆದೆ. ವರ್ಗಾವಣೆ ಶಿಕ್ಷೆ ಅಲ್ಲ ಅಂತ ನ್ಯಾಯಮಂಡಳಿಯವರೇ ಹೇಳಲಿಲ್ವಾ?"

ಮಂಚಯ್ಯ ಬಿರುಕು ಬಿಟ್ಟ ಕೆರೆಯಂಗಳವನ್ನೊಮ್ಮೆ ನೋಡಿದ.

"ದಿಟ ಬುದ್ಧಿ. ಶಿಕ್ಷೆ ಅಲ್ಲ ಅಂದ್ಮೇಲೆ ತಾವೂ ಇಲ್ಲಿಗೇ ವರ್ಗ ಆಕುಸ್ಕೊಂಡು ಬಂದ್ಬುಡಿ."