ನನಗೆ ಕೇಳಿಸದ ಬೀಪ್

ಪೀಣ್ಯದಲ್ಲಿ ತಗಡು ಒತ್ತುವ ಒಂದು ಪವರ್ ಪ್ರೆಸ್ ಶಾಪಿನಲ್ಲಿ ಹನ್ನೊಂದು ವರ್ಷ ಎಲೆಕ್ಟ್ರಿಷಿಯನ್ ಆಗಿದ್ದೆ. ಪ್ರೆಸ್ಸುಗಳ ಬಡಿತ ತಾಳಲಾರದೆ ಕಿವಿಗೆ ಹತ್ತಿ ಇಟ್ಟುಕೊಂಡು ಬಂದವರನ್ನು, “ಏನ್ ಮಗಾ, ಬಾಣಂತೀನಾ?” ಎಂದು ಅಣಕಿಸುವುದರಲ್ಲಿ ನಾನೇ ಮುಂದು. ಅವರ ಕಿವಿ ಚೆನ್ನಾಗಿಯೇ ಉಳಿಯಿತು. ನನಗೆ ಮಾತು ಕೇಳಿಸುತ್ತಿತ್ತು, ಲಾರಿ ಕೇಳಿಸುತ್ತಿತ್ತು. ಕೀಚಲು ಸದ್ದು ಮಾತ್ರ ಇಲ್ಲ. ಶಾಪು ಮುಚ್ಚಿದ ಮೇಲೆ ಹೂಡಿಯ ಅಪಾರ್ಟ್‌ಮೆಂಟೊಂದರಲ್ಲಿ ಕೆಲಸ ಸಿಕ್ಕಿತು. ಕಿವಿಯ ವಿಷಯ ಬಾಯಿ ಬಿಡಲಿಲ್ಲ. ಬಿಟ್ಟರೆ ಯಾರು ಇಟ್ಟುಕೊಳ್ಳುತ್ತಾರೆ?

ಅಲ್ಲಿ ಪ್ರತಿ ಮನೆಯ ಸೀಲಿಂಗಿಗೂ ನಾಲ್ಕು ಹೊಗೆ ಅಲಾರಾಂ. ಕರೆಂಟಿನ ವೈರಿಗೇ ಸೇರಿಸಿದ್ದರೂ, ಕರೆಂಟು ಹೋದಾಗ ಇರಲೆಂದು ಒಳಗೊಂದು ಚೌಕದ ಬ್ಯಾಟರಿ. ಅದು ಸೋತರೆ ನಿಮಿಷಕ್ಕೊಮ್ಮೆ ಬೀಪ್ ಎನ್ನುತ್ತದಂತೆ. ಸ್ಟೋರಿನವನು ಒಂದು ದೂರಿಗೆ ಒಂದೇ ಬ್ಯಾಟರಿ ಕೊಡುತ್ತಿದ್ದ, ಹಾಗಾಗಿ ನಾಲ್ಕರಲ್ಲಿ ಯಾವುದು ಎಂದು ತಿಳಿಯಲೇಬೇಕು. ನಾನು ಏಣಿ ಹಿಡಿದು ಮನೆಯವರ ಮುಖ ನೋಡುತ್ತ ನಿಲ್ಲುತ್ತಿದ್ದೆ. ಸದ್ದಾದೊಡನೆ ಅವರ ಕಣ್ಣು ತಾನಾಗಿ ಆ ಕಡೆ ಹೊರಳುತ್ತಿತ್ತು. ಎರಡು ವರ್ಷ ಹೀಗೇ ನಡೆಸಿದೆ. ನಾಚಿಕೆಯಾಗುತ್ತಿತ್ತು, ನನ್ನ ಜಾಣತನಕ್ಕೆ ಹೆಮ್ಮೆಯೂ ಆಗುತ್ತಿತ್ತು.

ಒಂದು ಮಧ್ಯಾಹ್ನ ಬಾಗಿಲು ತೆರೆದದ್ದು ಹಣೆ ತುಂಬ ವಿಭೂತಿ ಹಚ್ಚಿದ ಒಬ್ಬ ಅಜ್ಜಿ. ಮನೆಯಲ್ಲಿ ಬೇರೆ ಯಾರೂ ಇರಲಿಲ್ಲ. ಯಾವುದು ಕೂಗುತ್ತಿದೆ ಎಂದು ಕೇಳಿದೆ. ಎರಡನೆಯ ಸಲ ಗಟ್ಟಿಯಾಗಿ ಕೇಳಬೇಕಾಯಿತು.

“ದೂರು ಕೊಟ್ಟಾಂವ ನನ್ನ ಮಗ. ನನಗ ಕಿವಿ ಕೇಳ್ಸಂಗಿಲ್ಲಪಾ, ನೀನ ನೋಡು” ಎಂದರು.

ಕೂಗುವ ಅಲಾರಾಂ ಕೆಳಗೆ ಕಿವುಡರಿಬ್ಬರು ತಲೆಯೆತ್ತಿಕೊಂಡು ನಿಂತೆವು. ನಗು ಬರಬೇಕಿತ್ತು. ನನಗೆ ಭಯವಾಯಿತು. ಅಂದಾಜಿನ ಮೇಲೆ ಹಜಾರದ್ದಕ್ಕೆ ಬ್ಯಾಟರಿ ಹಾಕಿ, ಸರಿಯಾಗಿದೆ ಎಂದು ಬರೆದು ಬಂದೆ.

ಮರುದಿನ ಸೂಪರ್‌ವೈಸರ್ ಅದೇ ಮನೆಗೆ ಕರೆಸಿದರು. ನಾನು ಹೋದಾಗ ಮಲಗುವ ಕೋಣೆಯಲ್ಲಿ ನಿಂತಿದ್ದರು.

“ನಿನ್ನೆ ಸರಿ ಮಾಡ್ದೆ ಅಂದ್ಯಲ್ಲ, ಇಲ್ಲಿ ಇನ್ನೂ ಬೀಪ್ ಬರ್ತಿದೆಯಂತೆ. ಸ್ವಲ್ಪ ಕೇಳು.”

ನಾನು ಅವರ ಮುಖವನ್ನೇ ನೋಡಿದೆ. ಅವರ ಕಣ್ಣು ತಟ್ಟನೆ ಮೇಲಕ್ಕೆ ಹೋಯಿತು.

“ಈಗ ಬಂತು, ಅಲ್ವಾ?”

“ಹೂಂ ಸಾರ್, ಬಂತು. ಇದೇ.”

ಅವರು ಅಂಗೈ ಬಿಚ್ಚಿದರು. ಅದರಲ್ಲಿ ಹಳೆಯ ಬ್ಯಾಟರಿ ಇತ್ತು. “ನೀನು ಬರೋಕ್ ಮುಂಚೇನೇ ಹೊಸದು ಹಾಕ್ಬಿಟ್ಟೆ ಕಣಯ್ಯ. ಯಾವ ಸದ್ದೂ ಬಂದಿಲ್ಲ.”

ಬೈಯಲಿಲ್ಲ. ಬೈದಿದ್ದರೆ ನಾನೂ ಏನಾದರೂ ಅನ್ನಬಹುದಿತ್ತು. “ಕೆಲಸದಿಂದ ತೆಗೆಯಲ್ಲ, ಹೆದರ್ಬೇಡ. ನಾಳೆಯಿಂದ ಜನರೇಟರ್ ರೂಮಲ್ಲಿರು. ಅಲ್ಲಿ ಕಿವಿ ಬೇಕಾಗಲ್ಲ” ಎಂದರು. ತಾವು ಉಪಕಾರ ಮಾಡುತ್ತಿದ್ದೇವೆಂದೇ ಅವರು ತಿಳಿದಿದ್ದರು. ಉಳಿದ ಈ ಅರ್ಧ ಕಿವಿ ಆ ಇಂಜಿನ್ನುಗಳ ನಡುವೆ ಎಷ್ಟು ದಿನ ಬಾಳೀತೆಂದು ಅಂದಾಜು ಮಾಡಲು ನನಗೆ ಯಾರ ಮುಖವನ್ನೂ ನೋಡಬೇಕಿರಲಿಲ್ಲ. ಆದರೂ “ಆಯ್ತು ಸಾರ್” ಎಂದೆ. ಬೇರೆ ಎಲ್ಲಿಗೆ ಹೋಗಲಿ?

ಈಗ ಹೆಂಡತಿ ನನ್ನನ್ನು ಊಟಕ್ಕೆ ಕರೆಯುವುದು ಭುಜ ತಟ್ಟಿ.