ಎಂಬತ್ನಾಲ್ಕರ ಭರವಸೆ, ಐವತ್ತೊಂದು ಹೋಳಿಗೆ

ಕಳೆದ ಗುರುವಾರ ಹನ್ನೊಂದೂಮುಕ್ಕಾಲರ ಬಿಸಿಲಿನಲ್ಲಿ ನಾನು ಬಾಗೇವಾಡಿ ರಸ್ತೆಯ ಪಕ್ಕದ ಬೇವಿನ ಗಿಡದ ಕೆಳಗೆ, ತೊಡೆಯ ಮೇಲೆ ಐವತ್ತೊಂದು ಹೋಳಿಗೆಯ ಡಬ್ಬಿ ಇಟ್ಟುಕೊಂಡು ಕೂತಿದ್ದೆ.

ಎದುರಿಗೆ ನಮ್ಮ ಕಾರು ನಿಂತಿತ್ತು. ನಾವು ನಿಲ್ಲಿಸಿದ್ದಲ್ಲ. ಅದೇ ನಿಂತಿತ್ತು.

ಇನ್ನೂ ಹದಿನೆಂಟು ಕಿಲೋಮೀಟರ್ ಆಚೆ, ಬಸವನ ಬಾಗೇವಾಡಿಯಲ್ಲಿ, ಏಳು ತಿಂಗಳ ಬಸುರಿ ನನ್ನ ಮಗಳು ಸಾವಿತ್ರಿ ಕಾಯುತ್ತಿದ್ದಳು. ಅವತ್ತು ಅವಳ ಕುಬಸ, ನಮ್ಮ ಕಡೆಯ ಸೀಮಂತ. ತವರಿನ ಹಸಿರು ಸೀರೆ, ಹಸಿರು ಬಳೆ, ತವರಿನ ಬುತ್ತಿ ಬರದೆ ಕುಬಸ ಶುರುವಾಗುವುದಿಲ್ಲ. ಮೊದಲ ತುತ್ತು ಅವ್ವ ಮಾಡಿದ ಹೋಳಿಗೆಯೇ ಆಗಬೇಕೆಂದು ಹುಡುಗಿ ಬೆಳಗ್ಗೆ ಒಂದು ಲೋಟ ಹಾಲು ಬಿಟ್ಟರೆ ಏನೂ ಮುಟ್ಟಿರಲಿಲ್ಲ. ಗುರುವಾರ ರಾಹುಕಾಲ ಒಂದೂವರೆಗೆ. ಅಷ್ಟರೊಳಗೆ ಸೀರೆ ಉಡಿಸಿ, ಬಳೆ ಇಡಿಸಿ, ಉಡಿ ತುಂಬಿ ಮುಗಿಸಬೇಕು. ಸೀರೆ, ಬಳೆ, ಬುತ್ತಿ ಮೂರೂ ಸುರಕ್ಷಿತವಾಗಿದ್ದವು. ಬೇವಿನ ಗಿಡದ ಕೆಳಗೆ.

ಕಾರಿನಲ್ಲಿ ಪೆಟ್ರೋಲ್ ಮುಗಿದಿತ್ತು.

(ನಗಬೇಡಿ. ನಗುವುದು ಮುಂದೆ ಇದೆ.)

ಯಾಕೆ ಮುಗಿಯಿತು ಎಂದು ಹೇಳಬೇಕಾದರೆ ನನ್ನದೇ ಒಂದು ತಪ್ಪು ಒಪ್ಪಿಕೊಳ್ಳಬೇಕು. ವಿಭೂತಿ ಹಚ್ಚಿಕೊಳ್ಳದೆ ಒಲೆ ಹಚ್ಚದ ಹೆಂಗಸು ನಾನು. ಎರಡು ಹೊತ್ತು ಪೂಜೆ, ಸೋಮವಾರ ಒಪ್ಪೊತ್ತು. ಆದರೂ ಮಾಡಿದೆ.

ಸಿಂದಗಿಯ ನಮ್ಮ ಓಣಿಯಲ್ಲಿ ಕಾರು ಇರುವುದು ನಮಗೊಬ್ಬರಿಗೇ. ಓಣಿಗೆ ಒಂದೇ ಕಾರು ಇದ್ದರೆ ಅದು ಓಣಿಯ ಕಾರು. ಒಬ್ಬರಿಗೆ ಮುದ್ದೇಬಿಹಾಳದಲ್ಲಿ ಹೆಣ್ಣು ನೋಡುವುದಿರುತ್ತದೆ. ಇನ್ನೊಬ್ಬರಿಗೆ ಇಂಡಿಯಲ್ಲಿ ಬೀಗರ ಮನೆಯ ಊಟ. ನಮ್ಮವರು ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತಾರೆ. ಮಕ್ಕಳ ಉತ್ತರ ತಪ್ಪು ಎಂದು ಹೇಳಿ ಹೇಳಿ ಸಾಕಾಗಿಯೋ ಏನೋ, ದೊಡ್ಡವರಿಗೆ ಇಲ್ಲ ಅನ್ನಲು ಅವರಿಗೆ ಬಾಯಿಯೇ ಬರುವುದಿಲ್ಲ. ಕೀಲಿ ಕೊಡುತ್ತಾರೆ. ಕಾರು ಹೋಗುತ್ತದೆ. ಸೀಟಿನ ಸಂದಿಯಲ್ಲಿ ಚುರುಮುರಿ, ಟಾಂಕಿಯಲ್ಲಿ ಕೆಂಪು ದೀಪ ಹೊತ್ತುಕೊಂಡು ವಾಪಸು ಬರುತ್ತದೆ.

ಆಗ ಉಪಾಯ ಹೇಳಿದವಳು ನಾನೇ.

"ಟಾಂಕಿ ಯಾವಾಗ್ಲೂ ತಳದಾಗ ಇಡ್ರಿ. ನಮಗ ಬೇಕಾದಾಗ ಬೇಕಾದಷ್ಟ ಹಾಕಸೋಣು. ಕೇಳಾಕ ಬಂದವರಿಗೆ ಎಣ್ಣಿ ಇಲ್ಲ ಅಂದ್ರಾತು. ಸುಳ್ಳೂ ಅಲ್ಲ."

ಎರಡು ವರ್ಷ ಚೆನ್ನಾಗಿಯೇ ನಡೆಯಿತು. ಮುಳ್ಳು ಮೇಲೇರುವುದನ್ನು ನಮ್ಮ ಕಾರು ಮರೆತೇಬಿಟ್ಟಿತು.

ಬುಧವಾರ ಪಕ್ಕದ ಮನೆಯ ಗಂಗಕ್ಕ ಬಂದಳು. ಸಾವಿತ್ರಿಯನ್ನು ಎತ್ತಿ ಆಡಿಸಿದವಳು. ಅವಳ ಗಂಡ ಮಲ್ಲಣ್ಣ ಬಸ್ ಡಿಪೋದಲ್ಲಿ ಮೆಕ್ಯಾನಿಕ್ ಆಗಿದ್ದು ನಿವೃತ್ತರಾದವರು. ಇಬ್ಬರನ್ನೂ ಕುಬಸಕ್ಕೆ ಕರೆದಿದ್ದೆವು.

"ತಂಗಿ, ನಾಳೆ ನಿಮ್ಮ ಗಾಡ್ಯಾಗ ನಮಗ ಜಾಗ ಆಗತೈತೇನು?"

ಜಾಗ ನಿಜವಾಗಿಯೂ ಇರಲಿಲ್ಲ. ಇಂಡಿಯಿಂದ ನನ್ನ ನಾದಿನಿ ಸುವರ್ಣಾ, ಅವಳ ಇಬ್ಬರು ಹೆಣ್ಣುಮಕ್ಕಳು ಬಂದಿದ್ದರು. ಐದು ಜನ, ಐದು ಸೀಟು. ಅದನ್ನೇ ಹೇಳಿದ್ದರೆ ಮುಗಿಯುತ್ತಿತ್ತು. ಆದರೆ ಬಾಯಿಗೆ ರೂಢಿಯಾದದ್ದೇ ಬಂತು.

"ಅಯ್ಯ ಅಕ್ಕಾ, ಗಾಡ್ಯಾಗ ಎಣ್ಣಿನ ಇಲ್ಲ. ನಾವ ಬಸ್ಸಿಗೆ ಹೋಗೂದು ಏನೋ."

ನಿಜವನ್ನು ಕೈಯಲ್ಲಿ ಇಟ್ಟುಕೊಂಡು ಸುಳ್ಳು ಹೇಳುವವರನ್ನು ನೀವು ನೋಡಿದ್ದೀರಾ? ಈಗ ಓದುತ್ತಿದ್ದೀರಿ.

ಗುರುವಾರ ಹೊರಟೆವು. ಹೊರಡುವಾಗಲೇ ತಡ. ಸ್ಟೇರಿಂಗ್ ಹಿಂದಿನ ಪರದೆ ಎಂಬತ್ನಾಲ್ಕು ಎಂದು ತೋರಿಸುತ್ತಿತ್ತು. ಅಂದರೆ ಇರುವ ಪೆಟ್ರೋಲಿನಲ್ಲಿ ಕಾರು ಇನ್ನೂ ಎಂಬತ್ನಾಲ್ಕು ಕಿಲೋಮೀಟರ್ ಓಡುತ್ತದೆಯಂತೆ. ಪಂಪಿನ ಮುಂದೆ ಟ್ರ್ಯಾಕ್ಟರುಗಳ ಸಾಲು. ನಮ್ಮವರು ನಿಲ್ಲಿಸಲಿಲ್ಲ.

"ಬಾಗೇವಾಡಿ ಅರವತ್ತ ಕಿಲೋಮೀಟರ್. ಎಂಬತ್ನಾಲ್ಕ ಐತಿ. ಇನ್ನೂ ಇಪ್ಪತ್ನಾಲ್ಕ ಉಳೀತಾವ. ಅಲ್ಲೇ ಹಾಕಸೋಣು."

"ಅಣ್ಣ, ಗಣಿತ ಸಾಲ್ಯಾಗ ಬಿಡು. ಎಣ್ಣಿ ಹಾಕಸು," ಎಂದಳು ಸುವರ್ಣಾ ಹಿಂದಿನಿಂದ.

"ಊರ ಮಕ್ಕಳಿಗೆ ನಾ ಲೆಕ್ಕ ಕಲಸ್ತೇನಿ. ನೀ ನನಗ ಕಳಿಯೂದ ಕಲಸ್ತಿ?"

ದೇವರ ಹಿಪ್ಪರಗಿ ಬರುವಷ್ಟರಲ್ಲಿ ಹುಡುಗಿಯರಿಗೆ ಸೆಕೆಯಾಗಿ ಎ.ಸಿ. ಶುರುವಾಗಿತ್ತು. ಅಲ್ಲಿ ಮಲ್ಲಿಗೆ ಮಾಲೆ ಕೊಳ್ಳಲು ನಿಂತೆವು. ಸುವರ್ಣಾ ಹೂವು ಆರಿಸಲು ಇಳಿದರೆ ತೋಟವೇ ಆರಿಸುತ್ತಾಳೆ. ಇಪ್ಪತ್ತು ನಿಮಿಷ. ಎ.ಸಿ. ಆರಬಾರದೆಂದು ಎಂಜಿನ್ ಹಚ್ಚಿಯೇ ಇತ್ತು. ಕಾರು ಒಂದು ಹೆಜ್ಜೆಯೂ ಮುಂದೆ ಹೋಗಲಿಲ್ಲ. ಪರದೆಯ ಅಂಕಿ ಮಾತ್ರ ಇಳಿದೂ ಇಳಿದೂ ನಲವತ್ತೊಂದಕ್ಕೆ ಬಂತು.

"ಏನ್ರಿ, ನಿಂತಲ್ಲೇ ಕಿಲೋಮೀಟರ್ ಖರ್ಚಾಗಾಕತ್ತಾವಲ್ಲ?" ಎಂದೆ.

"ಅದಕ್ಕ ತಿಳಿವಲ್ದು," ಎಂದರು.

ಮುಂದೆ ಕೆಂಪು ದೀಪ ಹತ್ತಿತು. ಅದನ್ನು ನಾವು ಲೆಕ್ಕಕ್ಕೆ ಹಿಡಿಯಲಿಲ್ಲ. ನಮ್ಮ ಕಾರಿನಲ್ಲಿ ಕೆಂಪು ದೀಪವೆಂದರೆ ದೇವರ ಮುಂದಿನ ನಂದಾದೀಪವಿದ್ದ ಹಾಗೆ, ಆರಿದರೇ ಗಾಬರಿ. ಸ್ವಲ್ಪ ದೂರ ಹೋದ ಮೇಲೆ ಅಂಕಿ ಮಾಯವಾಗಿ ಮೂರು ಗೆರೆ ಬಂದವು. ಬರೀ ಮೂರು ಅಡ್ಡ ಗೆರೆ.

"ಮೀಟರ್ ಕೆಟ್ಟಿತು," ಎಂದರು ನಮ್ಮವರು.

"ಖಾಲಿ ಆಗೇತೇನು ಅಣ್ಣ?"

"ಖಾಲಿ ಆದ್ರ ಸೊನ್ನಿ ಬರತೈತಿ. ಸೊನ್ನಿ ಬಂದಿಲ್ಲ."

ಗಣಿತದ ಮಾಸ್ತರರಿಗೆ ಸೊನ್ನೆಯ ಮೇಲೆ ಅಷ್ಟು ನಂಬಿಕೆ. ಕಾರಿಗೆ ಇರಲಿಲ್ಲ. ನಲವತ್ತೆರಡನೆಯ ಕಿಲೋಮೀಟರಿಗೆ ಎರಡು ಸಲ ಕೆಮ್ಮಿ, ಸೊನ್ನೆ ತೋರಿಸದೆಯೇ ಸುಮ್ಮನಾಯಿತು.

ಇಲ್ಲಿಂದ ಬೇವಿನ ಗಿಡದ ಅಧ್ಯಾಯ.

ನಮ್ಮವರು ಡ್ರಾಯರಿನಿಂದ ಕಾರಿನ ಪುಸ್ತಕ ತೆಗೆದು ಬಾನೆಟ್ಟಿನ ಮೇಲೆ ಇಟ್ಟುಕೊಂಡು ಓದತೊಡಗಿದರು. "ಟಾಂಕಿ ಮೂವತ್ತೇಳ ಲೀಟರಿಂದು. ಲೀಟರಿಗೆ ಹದಿನೆಂಟ ಹಿಡದ್ರ ಆರನೂರ ಅರವತ್ತಾರ ಕಿಲೋಮೀಟರ್ ಹೋಗಬೇಕು."

"ಆರನೂರ ಬ್ಯಾಡ ಅಣ್ಣ," ಎಂದಳು ಸುವರ್ಣಾ. "ಹದಿನೆಂಟ ಹೋಗಸು."

ಬಸ್ಸು ಆಗಲೇ ಹೋಗಿತ್ತು. ಇನ್ನೊಂದು ಎರಡರ ಮೇಲಂತೆ. ಅಳಿಯನಿಗೆ ಫೋನ್ ಮಾಡೋಣವೇ ಎಂದೆ. ನಮ್ಮವರು ಪುಸ್ತಕದಿಂದ ತಲೆ ಎತ್ತಿದರು. "ಬೀಗರ ಮುಂದ ಎಣ್ಣಿ ಖಾಲಿ ಆತು ಅಂತ ಹೇಳೂದೇನು? ನಾ ಗಣಿತ ಮಾಸ್ತರ ಅದೇನಿ." ಟ್ರ್ಯಾಕ್ಟರುಗಳು ಮಾತ್ರ ಒಂದೊಂದಾಗಿ ನಿಂತು ವಿಚಾರಿಸಿದವು. ಪುಣ್ಯಾತ್ಮರು. ಎಲ್ಲರ ಹತ್ತಿರವೂ ಡೀಸೆಲ್.

"ಡೀಸೆಲ್ ಹಾಕ್ಲೇನ್ರಿ ಅಕ್ಕಾರ?"

"ಬ್ಯಾಡ್ರಿ ಯಪ್ಪಾ, ಪೆಟ್ರೋಲಿಂದೈತಿ."

"ಹಂಗಾರ ಒಂದು ಹೋಳಿಗಿರ ಕೊಡ್ರಿ, ಘಮಾ ಬರಾಕತ್ತೈತಿ."

ಕೊಡಲಿಲ್ಲ. ಮಗಳಿನ್ನೂ ತಿಂದಿರಲಿಲ್ಲ. (ಕೊಡಬೇಕಿತ್ತೇನೋ ಎಂದು ಈಗಲೂ ಮನಸ್ಸು ಚುಚ್ಚುತ್ತದೆ.)

ಹನ್ನೆರಡಕ್ಕೆ ಸಾವಿತ್ರಿಯ ಫೋನ್. "ಅವ್ವಾ, ಎಲ್ಲಿದ್ದಿ? ಹೊಟ್ಟಿ ಹಸದೈತಿ. ಅತ್ತಿ ಬಾಗಲಾಗ ನಿಂತಾರ."

"ಹಾದ್ಯಾಗ ಅದೇವಿ ಬಾಳಾ."

ಅದು ಸುಳ್ಳಲ್ಲ. ಹಾದಿ ಬಿಟ್ಟು ಬೇರೆಲ್ಲಿಗೂ ಹೋಗುವ ಸ್ಥಿತಿಯಲ್ಲಿ ನಾವಿರಲಿಲ್ಲ. ಆದರೆ ಫೋನ್ ಇಟ್ಟ ಮೇಲೆ ನನ್ನ ಕಣ್ಣು ಒದ್ದೆಯಾಯಿತು. ಬಸುರಿ ಮಗಳನ್ನು ಉಪವಾಸ ಕೂರಿಸಿದ್ದು ಕಾರಲ್ಲ, ನಾನು. ಶಿವನೇ, ಎಣ್ಣೆ ಇಲ್ಲ ಎಂದಿದ್ದೆ. ನೀನು ನಡೆಸಿಕೊಟ್ಟೆ. ಇಷ್ಟು ಬೇಗ ನಡೆಸಿಕೊಡುವ ಅವಸರವೇನಿತ್ತು?

ಹನ್ನೆರಡೂಕಾಲಿಗೆ ದೂರದಲ್ಲಿ ಒಂದು ಹಳೆಯ ಮೋಟರ್‌ಸೈಕಲ್ ಕಂಡಿತು. ಹಿಂದೆ ಕೂತವರ ಹಸಿರು ಸೆರಗು ಗಾಳಿಗೆ ಹಾರುತ್ತಿತ್ತು. ಹತ್ತಿರ ಬಂದಾಗ ಗುರುತು ಹತ್ತಿತು.

ಗಂಗಕ್ಕ. ಮಲ್ಲಣ್ಣ.

ಮುಖವೆಲ್ಲ ಧೂಳು, ಬಿಸಿಲಿಗೆ ಕೆಂಪಾದ ಕಣ್ಣು. ನನ್ನನ್ನು ನೋಡಿದಳು. ಕಾರನ್ನು ನೋಡಿದಳು. ಮತ್ತೆ ನನ್ನನ್ನು ನೋಡಿದಳು. ಬಸ್ಸಿಗೆ ಹೋಗುವುದಾಗಿ ಹೇಳಿದವಳು ಕಾರಿನ ಪಕ್ಕ ಕೂತಿದ್ದೇನೆ. ಭೂಮಿ ಬಾಯಿ ಬಿಡಲಿಲ್ಲ. ಹೋಳಿಗೆ ಡಬ್ಬಿ ಇನ್ನಷ್ಟು ಗಟ್ಟಿಯಾಗಿ ಅಪ್ಪಿಕೊಂಡೆ.

ಮಲ್ಲಣ್ಣ ಗಾಡಿ ನಿಲ್ಲಿಸಿ ಇಳಿದರು. ಕಾರಿನೊಳಗೆ ಬಗ್ಗಿ ಮೂರು ಗೆರೆ ನೋಡಿದರು. ತಮ್ಮ ಗಾಡಿಯ ಟಾಂಕಿ ಕೆಳಗಿನ ಪೈಪು ಬಿಚ್ಚಿ ನಮ್ಮ ನೀರಿನ ಬಾಟಲಿಗೆ ಪೆಟ್ರೋಲ್ ಬಿಟ್ಟರು. ಎರಡು ಬಾಟಲಿ.

"ನಿಮ್ಮ ಗಾಡಿಗೆ ಸಾಲತೈತೇನ್ರಿ ಮಲ್ಲಣ್ಣ?" ಎಂದೆ, ಅಷ್ಟಾದರೂ ಕೇಳಬೇಕಲ್ಲ ಎಂದು.

"ಧಾರಾಳ ಐತ್ರಿ. ನಿಮ್ಮ ಗಾಡ್ಯಾಗ ಎಣ್ಣಿ ಇಲ್ಲ ಅಂತ ಗಂಗಾ ಹೇಳಿದ್ಲು. ಅದಕ್ಕ ನಿನ್ನಿ ಸಂಜಿಕ ಇದನ್ನ ಫುಲ್ ಮಾಡಸಿದ್ನಿ."

ಅಂದರೆ ನನ್ನ ಸುಳ್ಳು ಕೇಳಿ ಅವರು ತುಂಬಿಸಿದ ಪೆಟ್ರೋಲೇ ಈಗ ನನ್ನ ಕಾರಿಗೆ ಬರುತ್ತಿತ್ತು. ಇದನ್ನು ದೇವರ ಕೃಪೆ ಎನ್ನುವುದೋ, ಕಪಾಳಕ್ಕೆ ಬಿದ್ದದ್ದು ಎನ್ನುವುದೋ?

ಸುರಿಯಲು ಲಾಳಿಕೆ ಇರಲಿಲ್ಲ. ಮಲ್ಲಣ್ಣ ದಪ್ಪ ಕಾಗದ ಕೇಳಿದರು. ಸುವರ್ಣಾ ಬಾನೆಟ್ಟಿನ ಮೇಲಿದ್ದ ಪುಸ್ತಕದ ರಟ್ಟು ಹರಿದು ಸುರುಳಿ ಸುತ್ತಿ ಕೊಟ್ಟಳು. ಆ ಪುಸ್ತಕ ಅವತ್ತು ಮಾಡಿದ ಒಳ್ಳೆಯ ಕೆಲಸ ಅದೊಂದೇ.

ನಮ್ಮವರಿಗೆ ಇನ್ನೂ ಸಮಾಧಾನವಿಲ್ಲ. "ಅಲ್ರಿ ಮಲ್ಲಣ್ಣ, ಎಂಬತ್ನಾಲ್ಕ ಅಂತ ಅದ ತೋರಿಸಿತ್ತಲ್ಲ. ಕಳದ್ರ ಇಪ್ಪತ್ನಾಲ್ಕ ಉಳೀಬೇಕು."

"ಮಾಸ್ತರ, ಅದು ಮುಂದಿನ ಹಾದಿ ನೋಡಿ ಹೇಳಾಂಗಿಲ್ರಿ. ಹಿಂದ ಹೆಂಗ ಓಡಸಿದ್ರಿ, ಅದನ್ನ ನೋಡಿ ಅಂದಾಜ ಕಟ್ಟತೈತಿ. ಮೊನ್ನಿ ಯಾರ ಓಡಸಿದ್ರಿ?"

"ನಾನ. ಒಬ್ಬನ ಇಂಡಿಗೆ ಹೋಗಿ ಬಂದೆ."

"ಎ.ಸಿ. ಹಾಕಿದ್ರೇನು?"

"ಇಲ್ಲ."

"ಹಂಗಾರ ಆ ಎಂಬತ್ನಾಲ್ಕ ನಿಮ್ಮೊಬ್ಬರದು. ಇವತ್ತ ಐದು ಮಂದಿ, ಮ್ಯಾಲ ಬುತ್ತಿ, ಎ.ಸಿ. ಅದಕ್ಕೇನ ಕನಸ ಬಿದ್ದಿತ್ತೇನ್ರಿ?"

"ಮತ್ತ ಸೊನ್ನಿ ಯಾಕ ತೋರಿಸಲಿಲ್ಲ?"

"ಸೊನ್ನಿ ತೋರಸಿದ್ರ ನಿಮ್ಮಂಥವರು ಸೊನ್ನಿ ತನಕಾ ಓಡಸ್ತಾರಲ್ರಿ. ಗೆರಿ ಬಂದ್ವು ಅಂದ್ರ, ಇನ್ನ ಅಂದಾಜ ನನ್ನ ಕೈಯಾಗಿಲ್ಲ ಅಂತ ಅರ್ಥ."

ನಮ್ಮವರಿಗೆ ಅರ್ಥವಾಗಲು ಹೊತ್ತು ಹಿಡಿಯಿತು. ನನಗೆ ತಕ್ಷಣ ಆಯಿತು. ಜೋಳದ ಹಿಟ್ಟಿನ ಡಬ್ಬಿ ಎಷ್ಟು ದಿನ ಬರುತ್ತದೆ ಎಂದು ನನ್ನನ್ನು ಕೇಳಿ. ನಾವಿಬ್ಬರೇ ಇದ್ದರೆ ಎಂಟು ದಿನ. ಸುವರ್ಣಾ ಮಕ್ಕಳೊಂದಿಗೆ ಬಂದರೆ ಮೂರು. ಡಬ್ಬಿ ಅದೇ, ಹಿಟ್ಟೂ ಅಷ್ಟೇ. ರೊಟ್ಟಿ ತಿನ್ನುವವರು ಯಾರು ಎಂದು ನೋಡದೆ ಡಬ್ಬಿ ನೋಡಿ ದಿನ ಹೇಳುವ ಹೆಂಗಸು ನಮ್ಮ ತಾಲೂಕಿನಲ್ಲಿ ಇಲ್ಲ. ಇಷ್ಟನ್ನು ಒಂದು ಕಂಪ್ಯೂಟರಿಗೆ ಕಲಿಸಲು ಯಾಕೆ ಆಗಲಿಲ್ಲ?

ಮಲ್ಲಣ್ಣ ಕೊನೆಗೆ ಇನ್ನೊಂದು ಮಾತು ಹೇಳಿದರು. "ಟಾಂಕಿ ಕಾಲುಭಾಗಕ್ಕಿಂತ ಕೆಳಗ ಇಳಿಸಬ್ಯಾಡ್ರಿ. ಎಣ್ಣಿ ಎತ್ತೂ ಪಂಪು ಒಳಗ ಎಣ್ಣ್ಯಾಗ ಮುಳಗಿರತೈತಿ. ಅದರಿಂದನ ತಂಪ ಇರತೈತಿ. ತಳ ಕಂಡ್ರ ಸುಡತೈತಿ."

ತಳ ಕಾಣಬಾರದು. ಇದನ್ನು ನನಗೆ ನನ್ನ ಅತ್ತೆ ಮದುವೆಯಾದ ವಾರವೇ ಕಲಿಸಿದ್ದರು. ಹಿಟ್ಟಿನ ಡಬ್ಬಿಯ ತಳ ಕಂಡರೆ ಲಕ್ಷ್ಮಿ ಎದ್ದು ಹೋಗುತ್ತಾಳೆ, ಒಂದು ಹಿಡಿಯಾದರೂ ಉಳಿದಿರುವಾಗಲೇ ತುಂಬಬೇಕು. ಇಪ್ಪತ್ತೆಂಟು ವರ್ಷ ಡಬ್ಬಿಯ ತಳ ನೋಡದವಳು, ಕಾರಿನ ಟಾಂಕಿಯನ್ನು ಎರಡು ವರ್ಷ ತಳದಲ್ಲೇ ಇಟ್ಟಿದ್ದೆ. ಯಾರೂ ಕೇಳದಿರಲಿ ಎಂದು.

ಕೀಲಿಯನ್ನು ನಾಲ್ಕು ಸಲ ತಿರುವಿದ ಮೇಲೆ ಕಾರು ಹೊರಟಿತು. ಗಂಗಕ್ಕನನ್ನು ಬಲವಂತದಿಂದ ಕಾರಿನಲ್ಲಿ ಕೂರಿಸಿದೆ. ಸುವರ್ಣಾಳ ದೊಡ್ಡ ಮಗಳು ಖುಷಿಯಿಂದ ಮಲ್ಲಣ್ಣನ ಗಾಡಿ ಏರಿದಳು. ಎ.ಸಿ. ಹಾಕಿ ಎಂದು ಯಾರೂ ಬಾಯಿ ಬಿಡಲಿಲ್ಲ.

ಎರಡು ಕಿಲೋಮೀಟರ್ ಹೋಗಿರಬೇಕು. ಗಂಗಕ್ಕ ನನ್ನ ಕೈ ಹಿಡಿದುಕೊಂಡಳು.

"ತಂಗಿ, ಒಂದು ಮಾತು ಹೇಳ್ತೇನಿ, ಸಿಟ್ಟಾಗಬ್ಯಾಡ. ನಿನ್ನಿ ನೀ ಎಣ್ಣಿ ಇಲ್ಲ ಅಂದಿ ನೋಡು, ನಾ ಸುಳ್ಳ ಅನಕೊಂಡ್ನಿ. ರಾತ್ರೆಲ್ಲ ಮನಸಿನ್ಯಾಗ ನಿನಗ ಬೈದೇನಿ. ಪಾಪ, ಖರೇನ ಇರಲಿಲ್ಲಲ್ಲ. ನಂದ ತಪ್ಪಾತು ತಂಗಿ."

ಸುವರ್ಣಾ ಕಿಟಕಿಯ ಕಡೆ ತಿರುಗಿ ಸೆರಗು ಬಾಯಿಗೆ ಒತ್ತಿಕೊಂಡಳು. ನಮ್ಮವರು ಕನ್ನಡಿಯಲ್ಲಿ ನನ್ನನ್ನು ನೋಡಿದರು. ನಾನು ಏನು ಹೇಳಬೇಕಿತ್ತು?

"ಇರ್ಲಿ ಬಿಡು ಅಕ್ಕಾ," ಎಂದೆ.

ಕ್ಷಮಿಸಿಯೂ ಬಿಟ್ಟೆ, ನೋಡಿ.

ಒಂದು ಗಂಟೆ ಐದು ನಿಮಿಷಕ್ಕೆ ಬಾಗೇವಾಡಿ ಮುಟ್ಟಿದೆವು. ತಡ ಯಾಕಾಯಿತೆಂದು ಬೀಗತಿ ಕೇಳಿದರು. "ಹೂವಿನ ಸಲುವಾಗ್ರಿ," ಎಂದಳು ಸುವರ್ಣಾ. ಪಾಪ, ಅವಳದು ಅರ್ಧದಷ್ಟಾದರೂ ನಿಜ. ಹಸಿರು ಸೀರೆ ಉಡಿಸಿ, ಬಳೆ ಇಡಿಸಿ, ಉಡಿ ತುಂಬುವಾಗ ಒಂದು ಇಪ್ಪತ್ತೈದು. ಮೊದಲ ತುತ್ತನ್ನು ಗಂಗಕ್ಕನ ಕೈಯಿಂದಲೇ ಹಾಕಿಸಿದೆ. ಸಾವಿತ್ರಿ ಒಂದರ ಮೇಲೊಂದು ನಾಲ್ಕು ಹೋಳಿಗೆ ತಿಂದಳು. ಬೇವಿನ ನೆರಳಿತ್ತು, ಹೋಳಿಗೆ ಹಳಸಲಿಲ್ಲ, ಮಗಳ ಹೊಟ್ಟೆ ತುಂಬಿತು, ರಾಹುಕಾಲಕ್ಕೆ ಇನ್ನೂ ಐದು ನಿಮಿಷ ಉಳಿದಿತ್ತು. ಇಷ್ಟನ್ನು ಕೊಟ್ಟ ದೇವರ ಹತ್ತಿರ ಇನ್ನೂ ಏನು ಕೇಳಲಿ?

ಬರುವಾಗ ಟಾಂಕಿ ತುಂಬಿಸಿದೆವು. ಪಂಪಿನವನು ಸಾಕು ಎನ್ನುವಷ್ಟು. ನಮ್ಮವರು ಈಗ ಪರದೆಯ ಅಂಕಿ ಕಂಡರೆ ಅದರಲ್ಲಿ ಅರ್ಧ ಮಾತ್ರ ನಂಬುತ್ತಾರೆ. ಮುಳ್ಳು ಕಾಲುಭಾಗಕ್ಕೆ ಬಂದರೆ ಪಂಪಿಗೆ ಹೋಗುತ್ತಾರೆ, ಎದುರಿಗೆ ಎಷ್ಟು ಟ್ರ್ಯಾಕ್ಟರ್ ಇದ್ದರೂ.

ಗಂಗಕ್ಕನ ಮನೆಗೂ ಈ ಪತ್ರಿಕೆ ಬರುತ್ತದೆ. ಕಾರಿನಲ್ಲಿ ಬಾಯಿ ಬಿಟ್ಟು ಹೇಳಲಾಗದ್ದನ್ನು ಇಲ್ಲಿ ಬರೆದಿದ್ದೇನೆ. ಅಕ್ಕಾ, ನೀನು ಅಂದುಕೊಂಡದ್ದೇ ಸರಿ ಇತ್ತು. ಟಾಂಕಿ ತುಂಬಿದೆ, ಕೀಲಿ ದೇವರ ಜಗಲಿಯ ಪಕ್ಕದ ಮೊಳೆಯಲ್ಲಿದೆ. ಬೇಕಾದಾಗ ಬಂದು ಒಯ್ಯಿ.

ಇನ್ನು ಸುಳ್ಳು ಎಷ್ಟು ದೂರ ಓಡುತ್ತದೆ ಎಂದು ಯಾರಾದರೂ ಕೇಳಿದರೆ ಸರಿಯಾದ ಲೆಕ್ಕ ನನ್ನ ಹತ್ತಿರ ಇದೆ: ಸಿಂದಗಿಯಿಂದ ನಲವತ್ತೆರಡು ಕಿಲೋಮೀಟರ್, ಎ.ಸಿ. ಹಾಕದಿದ್ದರೆ ಒಂದೆರಡು ಹೆಚ್ಚು.